ಉದ್ಯೋಗವೂ ನೌಕರಿಯೂ

ಕೆಲವು ದಿನಗಳ ಹಿಂದೆ ನನ್ನ ಹಳೆಯ ವಿದ್ಯಾರ್ಥಿಯೊಬ್ಬನು ಮನೆಗೆ ಬಂದಿದ್ದನು. ಬಿ.ಎ. ಮುಗಿಸಿ ಮೂರು ವರ್ಷವಾಗಿದೆ. “ಮೇಷ್ಟ್ರೇ, ಇನ್ನೂ ಉದ್ಯೋಗವಿಲ್ಲ” ಎಂದನು. ವಿಚಾರಿಸಿದರೆ, ತಂದೆಯ ಮರಗೆಲಸದ ಅಂಗಡಿಯಲ್ಲಿ ಬೆಳಗಿನಿಂದ ಸಂಜೆಯವರೆಗೆ ದುಡಿಯುತ್ತಿದ್ದಾನೆ! ಅವನ ಲೆಕ್ಕದಲ್ಲಿ ಅದು ಉದ್ಯೋಗವಲ್ಲ. ಆ ಲೆಕ್ಕವನ್ನು ಕಲಿಸಿದವನು ನಾನೇ. “ಓದದಿದ್ದರೆ ಉಳಿ ಹಿಡಿಯಬೇಕಾದೀತು” ಎಂದು ತರಗತಿಯಲ್ಲಿ ಗದರಿಸಿದ್ದೆನು.

ಉದ್ಯೋಗವೆಂದರೆ ಮೂಲದಲ್ಲಿ ಪ್ರಯತ್ನ, ಸನ್ನಾಹ. ಮಹಾಭಾರತದ ಉದ್ಯೋಗಪರ್ವದಲ್ಲಿ ಯಾರೂ ಸಂಬಳದ ಅರ್ಜಿ ಹಿಡಿದು ನಿಂತಿಲ್ಲ. ಆ ಮಾತನ್ನು ನೌಕರಿಗೆ ಇಳಿಸಿದವರು ನಾವು.

ಈ ಪ್ರಶ್ನೆಯನ್ನು ಅಂಕಿ ಅಂಶಗಳನ್ನು ಹಿಡಿದು ವಿಚಾರಿಸಿದವರಲ್ಲಿ ಸರ್ ಎಂ. ವಿಶ್ವೇಶ್ವರಯ್ಯನವರು ಪ್ರಮುಖರು. 1934ರಲ್ಲಿ ಭಾರತದ ಯೋಜಿತ ಆರ್ಥಿಕತೆಯನ್ನು ಕುರಿತು ಗ್ರಂಥ ಬರೆದು, ಹತ್ತು ವರ್ಷಗಳಲ್ಲಿ ದೇಶದ ಆದಾಯ ಇಮ್ಮಡಿಯಾಗಬೇಕು, ಬೇಸಾಯದ ಮೇಲಿನ ಭಾರ ಇಳಿದು ಕೈಗಾರಿಕೆ ಬೆಳೆಯಬೇಕು ಎಂದು ವಾದಿಸಿದರು. ವಾದಿಸಿ ಸುಮ್ಮನಾಗಲಿಲ್ಲ. ಬೆಂಗಳೂರಿನಲ್ಲಿ 1943ರಲ್ಲಿ ತರುಣರಿಗೆ ಕಸಬು ಕಲಿಸುವ ಶ್ರೀ ಜಯಚಾಮರಾಜೇಂದ್ರ ಔದ್ಯೋಗಿಕ ಶಿಕ್ಷಣ ಸಂಸ್ಥೆ ಆರಂಭವಾದದ್ದು ಅವರ ಯತ್ನದಿಂದ. ಭದ್ರಾವತಿ ಕಬ್ಬಿಣದ ಕಾರ್ಖಾನೆಯ ಸೇವೆಗಾಗಿ ತಮಗೆ ಸಲ್ಲಬೇಕಾಗಿದ್ದ ಹಣವನ್ನು ಅವರು ಅದಕ್ಕೇ ಕೊಡಿಸಿದರು. ಕಾರ್ಖಾನೆಯೂ ಬೇಕು, ಕಲಿತ ಕೈಯೂ ಬೇಕು. ಒಂದನ್ನು ಬಿಟ್ಟು ಇನ್ನೊಂದಿಲ್ಲವೆಂಬುದೇ ಅವರ ನಿಲುವಿನ ಸಾರ.

ಇಂದಿನ ಸ್ಥಿತಿಯೇನು? ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯ 2024ರ ವರದಿಯಂತೆ, 2022ರಲ್ಲಿ ನಮ್ಮ ದೇಶದ ಓದು ಬರಹ ಬಾರದ ತರುಣರಲ್ಲಿ ನಿರುದ್ಯೋಗ ಶೇಕಡಾ 3.4, ಪದವೀಧರ ತರುಣರಲ್ಲಿ ಶೇಕಡಾ 29.1. ಓದು ಕೆಟ್ಟದ್ದೆಂದು ಇದರ ಅರ್ಥವಲ್ಲ. ಬಡವನಿಗೆ ಕಾದು ಕುಳಿತುಕೊಳ್ಳುವ ಅನುಕೂಲವಿಲ್ಲ. ಸಿಕ್ಕ ಕೂಲಿಗೆ ಹೋಗುತ್ತಾನೆ. ಓದಿದವನು ಓದಿಗೆ ತಕ್ಕ ಕೆಲಸಕ್ಕಾಗಿ ಕಾಯುತ್ತಾನೆ. ಅಂಥ ಕೆಲಸಗಳನ್ನು ಹುಟ್ಟಿಸುವುದು ಸರ್ಕಾರದ ಮತ್ತು ಬಂಡವಾಳಗಾರರ ಹೊಣೆ. ತರುಣರನ್ನು ಸೋಮಾರಿಗಳೆಂದು ಹಳಿದರೆ ಆ ಹೊಣೆ ತೀರುವುದಿಲ್ಲ.

ಆದರೆ ಒಂದು ಹೊಣೆ ನಮ್ಮದೂ ಉಂಟು. ಹೊರಡುವಾಗ ಹುಡುಗನು ಮೆಲ್ಲನೆ ಹೇಳಿದನು: “ಅಂಗಡಿಯಲ್ಲಿ ಊಟಕ್ಕೆ ಕೊರತೆಯಿಲ್ಲ, ಮೇಷ್ಟ್ರೇ. ಆದರೆ ಬಡಗಿಯೆಂದರೆ ಹೆಣ್ಣು ಕೊಡುವವರಿಲ್ಲ.”

ಶ್ರೋತೃಗಳೇ, ಹೆಣ್ಣು ಕೊಡುವವರು ಯಾರು? ನಾವೇ ಅಲ್ಲವೇ? ಉಳಿ ಹಿಡಿದ ಕೈಗೆ ನಮ್ಮ ಮನೆಗಳಲ್ಲಿ ಮರ್ಯಾದೆ ದೊರೆಯುವವರೆಗೆ ಯಾವ ಶಿಕ್ಷಣ ಸಂಸ್ಥೆಯೂ ಅರ್ಧ ಕೆಲಸವನ್ನೇ ಮಾಡೀತು. ತರಗತಿಯಲ್ಲಿ ಆಡುತ್ತಿದ್ದ ಆ ಮಾತನ್ನು ನಾನಂತೂ ಈ ವರ್ಷದಿಂದ ಬಿಟ್ಟಿದ್ದೇನೆ.