ರೇಷ್ಮೆಯ ಹುಳುವೂ ಗೃಹಸ್ಥರ ಮನೆಯೂ



ಮಾಗಡಿ ತಾಲ್ಲೂಕಿನ ಕೆಂಪಾಪುರವೆಂದೊಡನೆ ಈಗ ನಾಡಿನ ಜನರಿಗೆ ಹಿರಿಯ ಕೆಂಪೇಗೌಡರ ಸಮಾಧಿಯ ನೆನಪಾಗುತ್ತದೆ. 2015ರಲ್ಲಿ ಅದು ಬೆಳಕಿಗೆ ಬಂದಂದಿನಿಂದ ಆ ಪುಟ್ಟ ಗ್ರಾಮದ ಹೆಸರು ದೂರದವರೆಗೂ ಹಬ್ಬಿದೆ. ಪ್ರಭುಗಳ ಚರಿತ್ರೆಯನ್ನು ಹೇಳಲು ಶಾಸನಗಳುಂಟು. ಗೃಹಸ್ಥರ ಮನೆಯ ಚರಿತ್ರೆಯನ್ನಾದರೋ ಯಾರೂ ಕಲ್ಲಿನಲ್ಲಿ ಕೆತ್ತಿಸಿದವರಲ್ಲ. ಒಲೆ, ಒರಳು, ಬೀಸುವ ಕಲ್ಲು, ಹುಳುವಿನ ತಟ್ಟೆ, ಇವುಗಳನ್ನೇ ಅದಕ್ಕೆ ಸಾಕ್ಷಿಯಾಗಿ ಕರೆಯಬೇಕು. ಕೆಂಪಾಪುರವನ್ನು ಒಳಗೊಂಡ ಮಾಗಡಿ, ರಾಮನಗರ, ಚನ್ನಪಟ್ಟಣ, ಕನಕಪುರಗಳ ಸೀಮೆಯಲ್ಲಿ ಯಂತ್ರವೂ ಪೇಟೆಯೂ ಸಂಸಾರಗಳ ರೀತಿಯನ್ನು ಯಾವ ತೆರನಾಗಿ ಮಾರ್ಪಡಿಸಿದುವೆಂಬುದೇ ಈ ಉಪನ್ಯಾಸದ ವಿಷಯವಾಗಿದೆ.

ಮೊದಲು ಬೀಸುವ ಕಲ್ಲಿನ ಮಾತು. ರಾಗಿಯನ್ನುಂಡು ಬಾಳುವ ಈ ಸೀಮೆಯಲ್ಲಿ ಕೋಳಿ ಕೂಗುವುದಕ್ಕೆ ಮುಂಚೆ ಹೆಣ್ಣುಮಕ್ಕಳು ಎದ್ದು ಕಲ್ಲಿನ ಮುಂದೆ ಕುಳಿತುಕೊಳ್ಳುತ್ತಿದ್ದರು. ಅತ್ತೆ ಸೊಸೆಯರಿಬ್ಬರೂ ಒಂದೇ ಗೂಟವನ್ನು ಹಿಡಿದು ತಿರುಗಿಸುವಾಗ ಹುಟ್ಟಿದ ಪದಗಳು ಇಂದು ಪುಸ್ತಕಗಳಲ್ಲಿ ಅಚ್ಚಾಗಿ ವಿದ್ವಾಂಸರ ಮನ್ನಣೆಯನ್ನು ಪಡೆದಿವೆ. ಶಿವನಸಮುದ್ರದ ವಿದ್ಯುಚ್ಛಕ್ತಿಯು 1902ರಲ್ಲಿಯೇ ಕೋಲಾರದ ಚಿನ್ನದ ಗಣಿಗಳನ್ನು ಸೇರಿತು. 1905ರಲ್ಲಿ ಬೆಂಗಳೂರಿನ ಬೀದಿಗಳು ಬೆಳಗಿದುವು. ಆದರೆ ದೂರದ ಗಣಿಗೆ ಅಷ್ಟು ಬೇಗನೆ ತಲಪಿದ ಆ ಶಕ್ತಿಯು ಸಮೀಪದ ಹಳ್ಳಿಗಳ ಅಡಿಗೆಮನೆಗಳನ್ನು ಸೇರುವುದಕ್ಕೆ ಬಹುಕಾಲ ಹಿಡಿಯಿತು. ಎಣ್ಣೆಯ ಎಂಜಿನ್ನಿನ ಮಿಲ್ಲೋ, ಅನಂತರ ಕರೆಂಟಿನ ಮಿಲ್ಲೋ ಊರಿಗೆ ಬಂದ ಮೇಲೆ ಬೀಸುವ ಕಲ್ಲು ಮೂಲೆ ಸೇರಿತು. ಇದಕ್ಕಾಗಿ ಮರುಗುವವರು ಈಗಲೂ ಉಂಟು. ಹಾಗೆ ಮರುಗುವವರಲ್ಲಿ ಹೆಚ್ಚಿನವರು ಗಂಡಸರೆಂಬುದನ್ನು ಇಲ್ಲಿ ನೆರೆದಿರುವ ಮಾತೆಯರು ಬಲ್ಲರು. ಪದ ಇಂಪಾಗಿದ್ದುದು ನಿಜ. ರಟ್ಟೆ ನೋಯುತ್ತಿದ್ದುದೂ ನಿಜ. ಮಿಲ್ಲಿನಿಂದ ಉಳಿದ ಆ ಬೆಳಗಿನ ಹೊತ್ತು ಯಾರ ಪಾಲಿಗೆ ಬಂದಿತೆಂದು ಕೇಳಿದವರು ಮಾತ್ರ ವಿರಳ. ಈ ಸೀಮೆಯಲ್ಲಿ ಅದು ಬಹುಮಟ್ಟಿಗೆ ಹುಳುವಿನ ಪಾಲಾಯಿತು.

ಟಿಪ್ಪೂ ಸುಲ್ತಾನನ ಕಾಲದಲ್ಲಿ, ಎಂದರೆ ಹದಿನೆಂಟನೆಯ ಶತಮಾನದ ಕೊನೆಯ ಭಾಗದಲ್ಲಿ, ರೇಷ್ಮೆಯ ಹುಳುವನ್ನು ಹೊರನಾಡುಗಳಿಂದ ತರಿಸಿ ಮೈಸೂರು ದೇಶದಲ್ಲಿ ಬೆಳಸಲುಪಕ್ರಮಿಸಿದರೆಂಬುದು ವಿದಿತವೇ ಇದೆ. ಆ ಉದ್ಯಮವು ಕ್ರಮೇಣ ಈ ಸೀಮೆಯಲ್ಲಿ ಬೇರೂರಿ ಮನೆಯೊಳಕ್ಕೇ ಬಂದಿತು. ರಾಗಿ ಬೆಳೆಯು ಹೊಲದಲ್ಲಿರುತ್ತದೆ, ದನ ಕೊಟ್ಟಿಗೆಯಲ್ಲಿರುತ್ತದೆ. ಹುಳುವಾದರೋ ನಡುಮನೆಯಲ್ಲಿ, ಮಕ್ಕಳು ಮಲಗುವ ಕಡೆಯಲ್ಲಿಯೇ, ಬಿದಿರಿನ ತಟ್ಟೆಗಳ ಮೇಲೆ ಬೆಳೆಯುತ್ತಿತ್ತು. ತಟ್ಟೆಗಳನ್ನು ಹೊತ್ತ ಅಟ್ಟಣೆಯ ಕಾಲುಗಳಿಗೆ ಇರುವೆ ಹತ್ತದಂತೆ ನೀರಿನ ಬಟ್ಟಲುಗಳನ್ನಿಡುತ್ತಿದ್ದರು. ಹುಳು ಮನೆಯಲ್ಲಿರುವಷ್ಟು ದಿನವೂ ಒಗ್ಗರಣೆಯ ಘಾಟು ಕೂಡದು, ಹೊಗೆಸೊಪ್ಪು ಕೂಡದು, ಕೈಕಾಲು ತೊಳೆಯದೆ ಒಳಗೆ ಬರಕೂಡದು. ನೂರು ಮೊಟ್ಟೆ ಕಟ್ಟಿದರೆಂದರೆ ನಲವತ್ತು ಸಾವಿರಕ್ಕೂ ಮಿಕ್ಕ ಹುಳುಗಳಿಗೆ ಆ ಮನೆ ಆಶ್ರಯವಾಯಿತೆಂದರ್ಥ. ಅವು ಇಪ್ಪತ್ತೈದು ದಿನಗಳಿಗೂ ಮಿಗಿಲಾಗಿ ತಿಂದು, ನಾಲ್ಕು ಜ್ವರಗಳನ್ನು ದಾಟಿ ಹಣ್ಣಾಗುತ್ತವೆ. ಕೊನೆಯ ಜ್ವರದಿಂದೆದ್ದ ಹುಳುವಿಗೆ ಹಸಿವೆಂದರೆ ಹಸಿವು. ಆಯುಷ್ಯದಲ್ಲಿ ತಿನ್ನುವ ಸೊಪ್ಪಿನ ಹತ್ತು ಪಾಲಿನಲ್ಲಿ ಎಂಟು ಪಾಲನ್ನು ಆ ಒಂದು ವಾರದಲ್ಲಿಯೇ ತಿಂದು ಮುಗಿಸುತ್ತದೆ. ನಡುರಾತ್ರಿಯಲ್ಲಿ ಎದ್ದು ಸೊಪ್ಪು ಹಾಕುವವಳು ಯಾರು? ಮನೆಯ ಹೆಂಗಸು. ತೊಟ್ಟಿಲ ಕೂಸೂ ತಟ್ಟೆಯ ಹುಳುವೂ ಒಂದೇ ರಾತ್ರಿಯಲ್ಲಿ ಅವಳನ್ನು ಎಬ್ಬಿಸುತ್ತಿದ್ದುವು.

ಈ ದುಡಿಮೆ ಕಷ್ಟತರವಾದುದಾದರೂ ಅದರಲ್ಲಿ ಅವಳಿಗೊಂದು ಅಧಿಕಾರವಿತ್ತೆಂಬುದನ್ನು ಮರೆಯಲಾಗದು. ಹುಳುವಿಗೆ ರೋಗ ತಗುಲಿತೆಂಬುದನ್ನು ಮೊದಲು ಕಾಣುತ್ತಿದ್ದವಳು ಅವಳು. ಹಣ್ಣಾದುವೆಂದು ಚಂದ್ರಿಕೆಯನ್ನು ತರಹೇಳುತ್ತಿದ್ದವಳೂ ಅವಳೇ. ಗೂಡನ್ನು ಕೊಳ್ಳುವವರು ಊರಿಗೇ ಬಂದು ಜಗಲಿಯ ಮೇಲೆ ಕುಳಿತು ಬೆಲೆ ಕಟ್ಟುತ್ತಿದ್ದಾಗ ಬಾಗಿಲ ಮರೆಯಿಂದಲಾದರೂ ಅವಳು ತಕ್ಕಡಿಯನ್ನು ನೋಡಬಹುದಾಗಿತ್ತು. ಆ ತಕ್ಕಡಿಯಲ್ಲಿ ಮೋಸವೂ ಇತ್ತು, ಮುಂಗಡದ ಸಾಲದ ಉರುಳೂ ಇತ್ತು.

ಬೆಲೆಯಾದರೋ ಆ ಜಗಲಿಯ ಮೇಲೆ ನಿಶ್ಚಯವಾಗುತ್ತಿದ್ದುದಲ್ಲ. 1930ರ ದಶಕದ ಆರಂಭದಲ್ಲಿ ಜಗತ್ತಿನ ವ್ಯಾಪಾರವೆಲ್ಲ ಕುಸಿದಾಗ ಜಪಾನು, ಚೀನಾಗಳ ಅಗ್ಗದ ರೇಷ್ಮೆಯೂ ಕೃತಕ ರೇಷ್ಮೆಯೂ ಹಿಂದೂಸ್ಥಾನದ ಪೇಟೆಯನ್ನು ತುಂಬಿದುವು. ಮೈಸೂರು ದೇಶದಲ್ಲಿ ಹಿಪ್ಪುನೇರಳೆಯ ತೋಟಗಳನ್ನು ಕಿತ್ತು ಬೇರೆ ಬೆಳೆಯಿಟ್ಟವರು ಬಹುಮಂದಿ. 1933ರಲ್ಲಿ ಸುಂಕ ಮಂಡಲಿಯು ವಿಚಾರಣೆ ನಡೆಸಿದ ಮೇಲೆ 1934ರಲ್ಲಿ ಪರದೇಶದ ರೇಷ್ಮೆಯ ಮೇಲೆ ರಕ್ಷಣಾ ಸುಂಕವು ವಿಧಿಸಲ್ಪಟ್ಟಿತು. ಆ ವರ್ಷಗಳಲ್ಲಿ ಗೂಡಿನ ಹಣವನ್ನು ನಂಬಿ ಮಗಳ ಮದುವೆಯನ್ನು ನಿಶ್ಚಯಿಸಿದ ತಂದೆಗೆ, ತನ್ನ ಕಷ್ಟದ ಕಾರಣವು ಸಮುದ್ರದಾಚೆಯ ಒಂದು ಕಾರ್ಖಾನೆಯಲ್ಲಿದೆಯೆಂದು ತಿಳಿಯುವ ಮಾರ್ಗವೇ ಇರಲಿಲ್ಲ. ಮಳೆ ಹೋದರೆ ಆಕಾಶವನ್ನು ನೋಡಬಹುದು. ಬೆಲೆ ಹೋದರೆ ಏನನ್ನು ನೋಡುವುದು?

ತಕ್ಕಡಿಯ ಮೋಸಕ್ಕೆ ಪರಿಹಾರವು 1959ರ ಕಾಯಿದೆಯಿಂದ ದೊರೆಯಿತು. ಗೂಡನ್ನು ಸರ್ಕಾರದ ಮಾರುಕಟ್ಟೆಯಲ್ಲಿ, ಬಹಿರಂಗ ಹರಾಜಿನಲ್ಲಿ, ಸರಿಯಾದ ತೂಕದಿಂದಲೇ ಮಾರತಕ್ಕದ್ದೆಂದು ನಿಯಮವಾಯಿತು. ಕಾಲಾನುಕ್ರಮದಲ್ಲಿ ರಾಮನಗರದ ಮಾರುಕಟ್ಟೆಯು ಏಷ್ಯಾಖಂಡದಲ್ಲೇ ಅತ್ಯಂತ ದೊಡ್ಡ ಗೂಡಿನ ಮಾರುಕಟ್ಟೆಯೆಂದು ಪ್ರಸಿದ್ಧಿಗೆ ಬಂದಿತು. ರೈತನಿಗೆ ಇದರಿಂದಾದ ಉಪಕಾರವನ್ನು ಅಲ್ಲಗಳೆಯುವವರು ಯಾರೂ ಇಲ್ಲ. ಆದರೆ ಮನೆಯೊಳಗಿನಿಂದ ನೋಡಿದವರಿಗೆ ಮತ್ತೊಂದು ಸಂಗತಿ ಕಾಣುತ್ತದೆ. ತಕ್ಕಡಿ ಜಗಲಿಯನ್ನು ಬಿಟ್ಟು ಪಟ್ಟಣಕ್ಕೆ ಹೋಯಿತು. ನಸುಕಿನಲ್ಲಿ ಗೂಡಿನ ಮೂಟೆಗಳೊಡನೆ ಹೊರಟವನು ಗಂಡಸು. ಹಣವನ್ನು ಎಣಿಸಿಕೊಂಡವನೂ ಅವನೇ. ಎಷ್ಟು ತೂಗಿತು, ಏನು ಬೆಲೆಗೆ ಹೋಯಿತು ಎಂಬುದು ಹುಳು ಸಾಕಿದವಳಿಗೆ ಅವನ ಬಾಯಿಂದ ತಿಳಿಯಬೇಕಾಯಿತು. ಮಾರ್ಗದಲ್ಲಿ ಹೆಂಡದಂಗಡಿಯೂ ಇದ್ದಿತು. ಬೆಲೆ ನ್ಯಾಯವಾಯಿತು, ಆದರೆ ಬೆಲೆಯ ಜ್ಞಾನವು ಅವಳಿಂದ ದೂರವಾಯಿತು. ಈಚಿನ ವರ್ಷಗಳಲ್ಲಿ ಹಣವು ಕೈಗೆ ಬಾರದೆ ನೇರವಾಗಿ ಬ್ಯಾಂಕಿನ ಖಾತೆಗೆ ಸೇರುವ ಏರ್ಪಾಡಾಗಿದೆ. ದಾರಿಯಲ್ಲಿ ಕರಗುವ ಭಯ ತಪ್ಪಿತು. ಆದರೆ ಖಾತೆ ಯಾರ ಹೆಸರಿನದು?

ಗೂಡಿನಿಂದ ನೂಲು ತೆಗೆಯುವ ಕಾರ್ಯದ ಕಥೆ ಬೇರೆ. ಅದು ರಾಮನಗರದ ಬೀದಿಗಳಲ್ಲಿ, ಬಹುಪಾಲು ಮುಸಲ್ಮಾನ ಕುಟುಂಬಗಳ ಕೈಯಲ್ಲಿ ಬೆಳೆದ ಕಸಬು. ಜಪಾನಿನಲ್ಲಿ 1872ರಲ್ಲಿ ಟೊಮಿಯೋಕಾ ಎಂಬಲ್ಲಿ ಸರ್ಕಾರವೇ ಫ್ರಾನ್ಸಿನ ಯಂತ್ರಗಳನ್ನು ತರಿಸಿ ದೊಡ್ಡ ಕಾರ್ಖಾನೆಯನ್ನು ಸ್ಥಾಪಿಸಿದಾಗ ಹೆಣ್ಣುಮಕ್ಕಳು ಮನೆ ಬಿಟ್ಟು ಅಲ್ಲಿಗೆ ಹೋಗಿ ನೆಲಸಿದರು. ರಾಮನಗರದಲ್ಲಾದರೋ ಯಂತ್ರವೇ ಮನೆಯ ಅಂಗಳಕ್ಕೆ ಬಂದಿತು. ಮೊದಲು ಚರಕ, ಆಮೇಲೆ ಕಾಟೇಜ್ ಬೇಸಿನ್ ಎಂಬ ಸಣ್ಣ ಯಂತ್ರ. ಕುದಿವ ನೀರಿನಲ್ಲಿ ಬೆಂದ ಗೂಡುಗಳಿಂದ ಎಳೆಯನ್ನು ಹುಡುಕುವ ಬೆರಳುಗಳು ಹಗಲೆಲ್ಲ ಬಿಸಿನೀರಿನಲ್ಲಿಯೇ ಇರಬೇಕು. ಒಂದು ಸೇರು ನೂಲಿಗೆ ಏಳೆಂಟು ಸೇರು ಗೂಡು ಬೇಕಾಗುವ ಈ ಕೆಲಸದಲ್ಲಿ ಮಕ್ಕಳ ಬೆರಳುಗಳೂ ಸೇರಿಕೊಂಡಿದ್ದುವೆಂಬುದನ್ನು ಮುಚ್ಚಿಡಲಾಗದು. ತಂದೆತಾಯಿಗಳು ಪಡೆದ ಮುಂಗಡಕ್ಕಾಗಿ ಮಕ್ಕಳು ದುಡಿಯುತ್ತಿದ್ದುದನ್ನು ಕುರಿತು 2003ರಲ್ಲಿ ಹೊರದೇಶದ ಒಂದು ಮಾನವ ಹಕ್ಕುಗಳ ಸಂಸ್ಥೆಯು ಪ್ರಕಟಿಸಿದ ವರದಿಯಲ್ಲಿ ಕರ್ನಾಟಕದ ರೇಷ್ಮೆಯ ಹೆಸರು ಬಂದುದು ಈ ನಾಡಿಗೆ ಕೀರ್ತಿಕರವಾದುದಲ್ಲ. ಮನೆಯೊಳಗೆ ನಡೆವ ದುಡಿಮೆಯೆಲ್ಲ ಪ್ರೀತಿಯ ದುಡಿಮೆಯೆಂದು ಹೊಗಳುವವರು ಆ ಅಂಗಳಗಳನ್ನು ಒಮ್ಮೆ ನೆನೆಯಬೇಕು. ಹೆಚ್ಚು ಎಳೆಗಳನ್ನು ಒಟ್ಟಿಗೆ ಸುತ್ತುವ ಯಂತ್ರಗಳೂ ಅನಂತರ ಚೀನಾದೇಶದ ಸ್ವಯಂಚಾಲಿತ ಯಂತ್ರಗಳೂ ಬಂದಮೇಲೆ ಬೆರಳುಗಳ ಸಂಖ್ಯೆ ಕಡಮೆಯಾಯಿತು. ಅಂಗಳದಲ್ಲಿ ಚರಕವಿಟ್ಟುಕೊಂಡಿದ್ದ ಸಣ್ಣ ಕುಟುಂಬಕ್ಕೆ ಆ ಬೆಲೆಯ ಯಂತ್ರ ನಿಲುಕದು. ಮಾಲೀಕನಾಗಿದ್ದವನು ಕೂಲಿಯವನಾದ ನಿದರ್ಶನಗಳಿಗೂ ಕೊರತೆಯಿಲ್ಲ.

ಹಳ್ಳಿಯ ಕಡೆ ಹುಳು ನಡುಮನೆಯನ್ನು ಬಿಟ್ಟುಹೋಯಿತು. 1980ರಲ್ಲಿ ಬಂಗಾಳದ ಕಡೆಯಿಂದ ಬಂದ ಗೂಡುಗಳೊಡನೆ ಊಜಿ ನೊಣವೆಂಬ ಪೀಡೆ ಕರ್ನಾಟಕವನ್ನು ಹೊಕ್ಕಿತು. ಅದನ್ನು ತಡೆಯಲು ಕಿಟಕಿ ಬಾಗಿಲುಗಳಿಗೆ ನೈಲಾನಿನ ಪರದೆ ಕಟ್ಟಬೇಕಾಯಿತು. ಮಕ್ಕಳು ಮರಿಗಳು ಓಡಾಡುವ ಮನೆಯಲ್ಲಿ ಪರದೆ ನಿಲ್ಲುವುದುಂಟೆ? ಶುಚಿತ್ವವೂ ಮಿತವಾದ ಶಾಖವೂ ಬೇಕಾದ ಉತ್ತಮ ತಳಿಗಳು ಬಂದಂತೆಲ್ಲ ಹುಳುವಿಗೆ ಬೇರೆ ಮನೆಯನ್ನು ಕಟ್ಟುವ ಪದ್ಧತಿ ಹಬ್ಬಿತು. ಬಹು ನಾಜೂಕಾದ ಎಳೆಯ ಹುಳುವನ್ನು ಚಾಕಿ ಕೇಂದ್ರದಿಂದ ಎರಡನೆಯ ಜ್ವರ ಕಳೆದ ಮೇಲೆ ಕೊಂಡು ತರುತ್ತಾರೆ. ಎಲೆಯನ್ನು ಬಿಡಿಸಿ ಕತ್ತರಿಸುವ ಬದಲು ಕಡ್ಡಿಸಮೇತವಾಗಿ ಹಾಕುತ್ತಾರೆ. ಹತ್ತು ದಿನಗಳ ರಾತ್ರಿಯ ಎಚ್ಚರವೂ ತಟ್ಟೆ ತೊಳೆವ ಹೊರೆಯೂ ಇದರಿಂದ ಹೆಂಗಸಿಗೆ ಉಳಿದುವು. ಮಕ್ಕಳು ನಡುಮನೆಯಲ್ಲಿ ಕಾಲುಚಾಚಿ ಮಲಗಿದರು. ಇಷ್ಟನ್ನು ಯಂತ್ರಕಾಲದ ನಿಜವಾದ ವರವೆಂದೇ ಎಣಿಸಬೇಕು.

ಜೊತೆಗೆ ಮತ್ತೊಂದು ಮಾರ್ಪಾಡು ಸದ್ದಿಲ್ಲದೆ ನಡೆಯಿತು. ರಾಗಿಯ ಕಣ ವರ್ಷಕ್ಕೊಂದು. ಕಣಜದ ಕೀಲಿಕೈ ಹಿರಿಯನಲ್ಲಿ. ಗೂಡಿನ ಹಣವಾದರೋ ವರ್ಷಕ್ಕೆ ನಾಲ್ಕೈದು ಬಾರಿ ಬರುವಂಥಾದ್ದು. ಕೊಳವೆಬಾವಿ ತೋಡಿಸಿ ಅರ್ಧ ಎಕರೆ ಸೊಪ್ಪು ಬೆಳೆದ ಕಿರಿಯ ಮಗನೂ ಸೊಸೆಯೂ ಒಂದು ಬೆಳೆಯ ಹಣವನ್ನು ಕಂಡ ಮೇಲೆ ಬೇರೆ ಒಲೆ ಹೂಡುವ ಯೋಚನೆ ಮಾಡಿದರೆ ಆಶ್ಚರ್ಯವೇನು? ಅವಿಭಕ್ತ ಕುಟುಂಬವು ಒಡೆದುದು ಸೊಸೆಯರ ಜಗಳದಿಂದಲೆಂದು ಹೇಳುವುದು ರೂಢಿ. ಆ ರೂಢಿಯ ಮಾತನ್ನು ಒಪ್ಪುವುದಕ್ಕಿಂತ ಮುಂಚೆ ಲೆಕ್ಕದ ಪುಸ್ತಕವನ್ನೂ ತೆರೆದು ನೋಡುವುದು ಧರ್ಮ.

ಆಸ್ತಿಯ ಮಾತಿನಲ್ಲಿ ಮೈಸೂರು ಸಂಸ್ಥಾನವು ಹಿಂದುಳಿದಿರಲಿಲ್ಲ. 1933ರಲ್ಲಿಯೇ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯಿದೆಯನ್ನು ಅದು ಜಾರಿಗೆ ತಂದಿತು. 1994ರಲ್ಲಿ ಕರ್ನಾಟಕವು, 2005ರಲ್ಲಿ ಇಡೀ ದೇಶವು ಹೆಣ್ಣುಮಕ್ಕಳಿಗೆ ಗಂಡುಮಕ್ಕಳೊಡನೆ ಸಮಪಾಲನ್ನು ವಿಧಿಸಿತು. ಕಾಯಿದೆ ಹೀಗಿರಲು ಹಳ್ಳಿಗಳ ಪಹಣಿಯಲ್ಲಿ ಮಾತ್ರ ಇಂದಿಗೂ ಬಹುಮಟ್ಟಿಗೆ ಗಂಡಸಿನ ಹೆಸರೇ ಕಾಣುತ್ತದೆ. ಭೂಮಿ ಯಾರದೋ ತೋಟ ಅವರದು, ತೋಟ ಯಾರದೋ ಪಾಸ್‌ಪುಸ್ತಕ ಅವರದು, ಗೂಡಿನ ಹಣ ಅವರ ಖಾತೆಯದು. ಹುಳುವಿನ ಮನೆಯಲ್ಲಿ ಸೊಪ್ಪು ಹಾಕಿದವಳ ಹೆಸರು ಈ ಸರಪಣಿಯ ಯಾವ ಕೊಂಡಿಯಲ್ಲಿಯೂ ಬಾರದೆ ಹೋಗಬಹುದು. ಹನ್ನೆರಡನೆಯ ಶತಮಾನದ ಶರಣೆಯರಲ್ಲಿ ಕದಿರ ರೆಮ್ಮವ್ವೆಯನ್ನು ಅವಳ ಕದಿರಿನಿಂದಲೂ ಆಯ್ದಕ್ಕಿ ಲಕ್ಕಮ್ಮನನ್ನು ಅವಳು ಆಯ್ದ ಅಕ್ಕಿಯಿಂದಲೂ ಗುರುತಿಸಿದ ಪರಂಪರೆಯವರಿಗೆ, ಕಾಯಕ ಮಾಡಿದವಳ ಹೆಸರು ಲೆಕ್ಕದಲ್ಲಿ ಇಲ್ಲದಿರುವುದು ಸಣ್ಣ ಲೋಪವಾಗಿ ತೋರಲಾರದು.

ಬಿಡದಿಯಲ್ಲಿ 1999ರಲ್ಲಿ ಮೋಟಾರು ಕಾರುಗಳ ತಯಾರಿಕೆ ಮೊದಲಾದ ಮೇಲೆ ಗಂಡುಮಕ್ಕಳು ಪಾಳಿಯ ಲೆಕ್ಕದಲ್ಲಿ ಮಲಗುವುದನ್ನೂ ಉಣ್ಣುವುದನ್ನೂ ಕಲಿತರು. ಸಿದ್ಧ ಉಡುಪಿನ ಕಾರ್ಖಾನೆಗಳ ಬಸ್ಸುಗಳು ನಸುಕಿನಲ್ಲಿ ಊರ ಬಾಗಿಲಿಗೆ ಬಂದು ಹೆಣ್ಣುಮಕ್ಕಳನ್ನು ಕರೆದೊಯ್ಯುತ್ತವೆ. ತಿಂಗಳಿಗೊಮ್ಮೆ ಅವಳ ಸಂಬಳ ಅವಳದೇ ಖಾತೆಗೆ ಬೀಳುತ್ತದೆ. ಅದು ಅಲ್ಪವೆಂದು ಮೂಗು ಮುರಿಯುವವರು, ತಾಯಿ ಇಪ್ಪತ್ತು ವರ್ಷ ಸಾಕಿದ ಹುಳುವಿನ ಲೆಕ್ಕದಲ್ಲಿ ಅವಳ ಹೆಸರಿಗೆ ಬಂದುದೆಷ್ಟು ಎಂಬುದನ್ನು ಪಕ್ಕದಲ್ಲಿಟ್ಟು ನೋಡಬಹುದು. ಅತ್ತ ಸಂಜೆ ದಣಿದು ಬಂದವಳಿಗೆ ಒಲೆಯ ಕೆಲಸದಲ್ಲಿ ಪಾಲುಗಾರನು ದೊರೆತಿದ್ದಾನೆಯೆ ಎಂದರೆ, ಗ್ಯಾಸಿನ ಒಲೆಯೂ ಮಿಕ್ಸಿಯೂ ದೊರೆತಿವೆ, ಪಾಲುಗಾರನು ಅಪರೂಪ. ಹಗಲಿನಲ್ಲಿ ಹುಳುವಿನ ಮನೆಯ ಭಾರವನ್ನು ವಯಸ್ಸಾದ ಅತ್ತೆ ಹೊತ್ತಿದ್ದಾಳೆ. ಹಿಂದೆ ಬೀಸುವ ಕಲ್ಲಿನ ಮುಂದೆ ಎದುರುಬದರಾಗಿ ಕುಳಿತಿದ್ದ ಅತ್ತೆ ಸೊಸೆಯರು ಈಗ ಬೆಳಗಿನಲ್ಲೊಮ್ಮೆ ಸಂಜೆಯಲ್ಲೊಮ್ಮೆ ಒಬ್ಬರನ್ನೊಬ್ಬರು ಕಾಣುತ್ತಾರೆ.

ಆದರೂ ಯಾವ ಯಂತ್ರವೂ ಕೈಯಿಕ್ಕದ ದಿನವೊಂದು ಈ ಕಸಬಿನಲ್ಲಿ ಉಳಿದಿದೆ. ಹುಳು ಹಣ್ಣಾದುದು ಕಂಡಿತೆಂದರೆ ಒಂದೆರಡು ದಿನಗಳೊಳಗೆ ಅಷ್ಟನ್ನೂ ಆಯ್ದು ಚಂದ್ರಿಕೆಗೆ ಬಿಡಬೇಕು. ತಡವಾದರೆ ಸೊಪ್ಪಿನ ಕಸದಲ್ಲಿಯೇ ಗೂಡು ಕಟ್ಟಿ ನೂಲು ಹಾಳು. ಅಂದು ಬಿಡದಿಗೆ ಹೋಗುವ ಮಗನು ರಜೆ ಹಾಕುತ್ತಾನೆ, ಬೇರೆ ಒಲೆ ಹೂಡಿದ ತಮ್ಮನ ಮನೆಯವರಿಗೂ ಹೇಳಿಕಳಿಸುತ್ತಾರೆ, ಮಕ್ಕಳು ಶಾಲೆಯಿಂದ ಬಂದೊಡನೆ ಕೈಕಾಲು ತೊಳೆದು ಒಳಗೆ ಬರುತ್ತಾರೆ. ಯಾವುದು ಹಣ್ಣಾಯಿತು, ಯಾವುದು ಇನ್ನೂ ಹಸುರು ಎಂದು ನೋಡಿ ಹೇಳುವವಳು ಅಜ್ಜಿ. ಅವಳು ಕೈತೋರಿದುದನ್ನೇ ಉಳಿದವರೆಲ್ಲರೂ ಆಯುತ್ತಾರೆ.