ತಲೆಯೆತ್ತುವ ಗಳಿಗೆ: ರಂಗದಿಂದ ಕಿರುಚಿತ್ರಕ್ಕೆ



ಅಸಂಗತ ನಾಟಕವೆಂದೊಡನೆ ಕನ್ನಡ ಅಧ್ಯಾಪಕರಿಗೆ ಚಂದ್ರಶೇಖರ ಪಾಟೀಲರ ‘ಕೊಡೆಗಳು’ ನೆನಪಾಗುವುದು ಸಹಜ. ಆ ಬಗೆಯ ವಿಡಂಬನೆಯೊಂದು ಕಿರುಚಿತ್ರವಾದಾಗ ಗಳಿಸುವುದೇನು, ಕಳೆದುಕೊಳ್ಳುವುದೇನು ಎಂಬುದು ಇಂದಿನ ವಿಚಾರ.

ಸ್ಯಾಮ್ಯುಯೆಲ್ ಬೆಕೆಟ್ ಅವರು 1982ರಲ್ಲಿ ಫ್ರೆಂಚಿನಲ್ಲಿ ಬರೆದ ‘ಕ್ಯಾಟಾಸ್ಟ್ರಫಿ’ ಕೆಲವೇ ಪುಟಗಳ ನಾಟಕ. ಆಗ ಸೆರೆಯಲ್ಲಿದ್ದ ಚೆಕ್ ನಾಟಕಕಾರ ವಾತ್ಸ್ಲಾವ್ ಹಾವೆಲ್ ಅವರಿಗೆ ಅದು ಅರ್ಪಿತ. ರಂಗದ ಮೇಲೊಂದು ಪೀಠ. ಅದರ ಮೇಲೆ ಬರಿಗಾಲಿನಲ್ಲಿ ತಲೆ ತಗ್ಗಿಸಿ ನಿಂತ, ಮಾತಿಲ್ಲದ ಮನುಷ್ಯ. ತುಪ್ಪಳದ ಕೋಟು ತೊಟ್ಟ ನಿರ್ದೇಶಕ ಕುಳಿತಲ್ಲಿಂದಲೇ ಅಪ್ಪಣೆ ಕೊಡುತ್ತಾನೆ. ಸಹಾಯಕಿ ಆ ಮನುಷ್ಯನ ಟೋಪಿ ತೆಗೆಯುತ್ತಾಳೆ, ನಿಲುವಂಗಿ ಕಳಚುತ್ತಾಳೆ, ಕೈಗಳನ್ನು ಜೋಡಿಸುತ್ತಾಳೆ. ನಡುನಡುವೆ ನಿರ್ದೇಶಕನ ಸಿಗಾರಿಗೆ ಬೆಂಕಿಯನ್ನೂ ಹಚ್ಚಬೇಕು. ಅವನು ಆಚೆ ಹೋದಾಗ ಅವನ ಕುರ್ಚಿಯಲ್ಲಿ ಕುಳಿತವಳು ಥಟ್ಟನೆ ಎದ್ದು, ಅದನ್ನು ಉಜ್ಜಿ ಉಜ್ಜಿ ಒರೆಸಿದ ಮೇಲೆಯೇ ಮತ್ತೆ ಕುಳಿತುಕೊಳ್ಳುವುದು. ವಿಡಂಬನೆಯ ಸೊಗಸೆಲ್ಲ ಆ ಒರೆಸುವಿಕೆಯಲ್ಲಿದೆ! ಅವನ ತಲೆಯನ್ನು ಕ್ಷಣಕಾಲ ಎತ್ತಿಸಬಹುದೇ ಎಂಬ ಅವಳ ಅಳುಕಿನ ಸಲಹೆಯನ್ನು ನಿರ್ದೇಶಕ ತಳ್ಳಿಹಾಕುತ್ತಾನೆ. ಕೊನೆಗೆ ಬೆಳಕು ತಲೆಯೊಂದರ ಮೇಲೆ ಉಳಿದು, ದೂರದಿಂದ ಚಪ್ಪಾಳೆ ಮೊಳಗುತ್ತದೆ. ಆಗ ಆ ಮನುಷ್ಯ ತಾನಾಗಿಯೇ ತಲೆಯೆತ್ತಿ ಪ್ರೇಕ್ಷಕರನ್ನು ದಿಟ್ಟಿಸುತ್ತಾನೆ. ಚಪ್ಪಾಳೆ ತಡವರಿಸಿ ನಿಲ್ಲುತ್ತದೆ.

ಬೆಕೆಟ್ ಅವರ 19 ನಾಟಕಗಳನ್ನು ತೆರೆಗೆ ತಂದ ‘ಬೆಕೆಟ್ ಆನ್ ಫಿಲ್ಮ್’ ಯೋಜನೆಗಾಗಿ 2000ದಲ್ಲಿ ಡೇವಿಡ್ ಮ್ಯಾಮೆಟ್ ಇದನ್ನು ಕಿರುಚಿತ್ರವಾಗಿಸಿದರು. ನಿರ್ದೇಶಕನ ಪಾತ್ರ ನಾಟಕಕಾರ ಹೆರಾಲ್ಡ್ ಪಿಂಟರ್ ಅವರದು. ಸಹಾಯಕಿ ರೆಬೆಕಾ ಪಿಜನ್. ಪೀಠದ ಮೇಲೆ ನಿಂತವರು ಜಾನ್ ಗೀಲ್‌ಗುಡ್. ಕಂಠಕ್ಕೇ ಹೆಸರಾದ ಆ ನಟರ ಕೊನೆಯ ಪಾತ್ರದಲ್ಲಿ ಒಂದು ಮಾತೂ ಇಲ್ಲ. ಅದೇ ವರ್ಷ ಮೇ ತಿಂಗಳಿನಲ್ಲಿ, 96ನೆಯ ವಯಸ್ಸಿನಲ್ಲಿ ಅವರು ತೀರಿಕೊಂಡರು.

ಮ್ಯಾಮೆಟ್ ಇಡೀ ಪ್ರಸಂಗವನ್ನು ನಿಜವಾದ ರಂಗಮಂದಿರದಲ್ಲಿ ನಡೆಯುವ ಮಾಮೂಲಿ ತಾಲೀಮಿನಂತೆ ಚಿತ್ರಿಸಿದ್ದಾರೆ. ಕ್ರೌರ್ಯವು ದಿನನಿತ್ಯದ ಕಸುಬಾಗಿ ಕಾಣುವುದು ಇದರ ಗಳಿಕೆ. ನಷ್ಟವೂ ಸಣ್ಣದಲ್ಲ. ರಂಗಮಂದಿರದಲ್ಲಿ ಆ ನೋಟವನ್ನು ಎದುರಿಸಿದ ಪ್ರೇಕ್ಷಕನಿಗೆ ತಾನೀಗ ಚಪ್ಪಾಳೆ ತಟ್ಟಬೇಕೇ ಬೇಡವೇ ಎಂಬ ಇಕ್ಕಟ್ಟು ಹುಟ್ಟುತ್ತದೆ; ತೆರೆಯ ಮುಂದಿರುವವನು ಅದರಿಂದ ಸುಲಭವಾಗಿ ಪಾರಾಗುತ್ತಾನೆ.

ಪ್ರೌಢಶಾಲೆಯ ತರಗತಿಯಲ್ಲಿ ಚಿತ್ರವನ್ನು ಮೊದಲೇ ತೋರಿಸದಿರುವುದು ಲೇಸು. ಕಥೆಯನ್ನು ಕನ್ನಡದಲ್ಲಿ ಹೇಳಿ, ತಲೆಯೆತ್ತುವ ಮುನ್ನ ನಿಲ್ಲಿಸಬೇಕು. ಈಗ ಕ್ಯಾಮೆರಾ ಎಲ್ಲಿರಬೇಕು? ಮುಖದ ಎದುರಿಗೋ, ಬೆನ್ನ ಹಿಂದೆಯೋ, ನಿರ್ದೇಶಕನ ಕುರ್ಚಿಯ ಬಳಿಯೋ? ಮಕ್ಕಳು ಕಾರಣಸಹಿತ ಬರೆಯಲಿ. ಅಭಿನಯಿಸಿ ನೋಡಲು ಒಂದು ಬೆಂಚು, ಒಂದು ಟಾರ್ಚು ಸಾಕು. ಆದರೆ ಶಿಕ್ಷೆಗೆಂದು ಹಿಂದೆ ನಿಂತು ಬಲ್ಲ ಮಗುವನ್ನು ಆ ಬೆಂಚಿನ ಮೇಲೆ ನಿಲ್ಲಿಸಬಾರದು. ಅಲ್ಲಿ ಶಿಕ್ಷಕರೇ ನಿಲ್ಲಲಿ. ಅಪ್ಪಣೆಗಳನ್ನು ಮಕ್ಕಳು ಕೊಡಲಿ.