ಕೋರ್ಟಿನ ಆದೇಶ, ಪೊಲೀಸರ ಕಾವಲು



ನಮ್ಮ ಬಿಳಿಕೆರೆ ಕಡೆಯ ಒಂದು ಮನೆ ಅಂತ ಇಟ್ಟುಕೊಳ್ಳಿ. ಗಂಡ ತೀರಿಕೊಂಡ. ಉಳಿದವರು ಹೆಂಡತಿ, ಎರಡು ಮಕ್ಕಳು. ಪಿತ್ರಾರ್ಜಿತ ಜಮೀನು. ಪಹಣಿ ಇನ್ನೂ ಸತ್ತುಹೋದ ಮಾವನ ಹೆಸರಲ್ಲೇ ಇದೆ. ಗಂಡ ಉಳುತ್ತಿದ್ದ ಎರಡು ಎಕರೆಯನ್ನು ಅವಳೇ ಉತ್ತು ಹೊಗೆಸೊಪ್ಪು ಹಾಕಿದಳು. ಸೊಪ್ಪು ಮುರಿಯೋ ಹೊತ್ತಿಗೆ ಭಾವ ಬಂದು ಅಡ್ಡ ನಿಂತ. ಬ್ಯಾರನ್ನಿಗೆ ಬೀಗ ಹಾಕಿದ. "ನಿನಗೇನಿದೆ ಇಲ್ಲಿ? ತವರಿಗೆ ನಡಿ" ಅಂದ. ಸೊಪ್ಪು ಗಿಡದಲ್ಲೇ ಒಣಗುತ್ತಿದೆ. ಅವಳೇನು ಮಾಡಬೇಕು?

ಮೊದಲು ಪೊಲೀಸ್ ಠಾಣೆಗೆ ಓಡುತ್ತಾಳೆ. "ಇದು ಸಿವಿಲ್ ವಿಷಯ ಕಣಮ್ಮ, ಕೋರ್ಟಿಗೆ ಹೋಗು" ಅನ್ನುತ್ತಾರೆ. ಆ ಮಾತು ಅರ್ಧ ನಿಜ. ಜಮೀನು ಯಾರದು ಅಂತ ತೀರ್ಮಾನ ಮಾಡೋ ಅಧಿಕಾರ ಪೊಲೀಸರಿಗಿಲ್ಲ. ಆದರೆ ಭಾವ ಕೈ ಮಾಡಿದರೆ? ಕುಡುಗೋಲು ತೋರಿಸಿ ಕೊಲ್ಲುತ್ತೀನಿ ಅಂದರೆ? ಅದು ಸಿವಿಲ್ ಅಲ್ಲ. ಅದು ಪೊಲೀಸರದೇ ಕೆಲಸ. ದೂರು ಬರೆದುಕೊಡಿ. "ಹಿಂಬರಹ ಕೊಡಿ ಸಾರ್" ಅಂತ ಕೇಳಿ ಇಸ್ಕೊಳ್ಳಿ. ಆ ಚೀಟಿ ಮುಂದೆ ಕೋರ್ಟಿನಲ್ಲಿ ಸಾಕ್ಷಿಯಾಗುತ್ತೆ. ಹೊಡೆದಾಟದ ಹೊತ್ತಾದರೆ 112ಕ್ಕೆ ಫೋನ್ ಮಾಡಿ.

ಇನ್ನು ಹೊಲದ ಮಾತು. ಹಿಂದೂ ಉತ್ತರಾಧಿಕಾರ ಕಾಯ್ದೆ ಬಂದದ್ದು 1956ರಲ್ಲಿ. ಅದರ ಪ್ರಕಾರ, ಗಂಡ ಉಯಿಲು ಬರೆಯದೆ ಸತ್ತರೆ, ಅವನ ಪಾಲಿನಲ್ಲಿ ಹೆಂಡತಿಗೂ ಮಕ್ಕಳಿಗೂ ಹಕ್ಕಿದೆ. ಅತ್ತೆ ಬದುಕಿದ್ದರೆ ಅವರಿಗೂ ಇದೆ. ಆ ಪಾಲು ಕೇಳಿ ಹುಣಸೂರು ಕೋರ್ಟಿನಲ್ಲಿ ದಾವೆ ಹಾಕಬೇಕು.

ದಾವೆ ಬೇಗ ಮುಗಿಯುತ್ತೆ ಅಂತ ನಾನು ಸುಳ್ಳು ಹೇಳಲಾರೆ. ನಮ್ಮ ರಾಜ್ಯದ್ದೇ ಒಂದು ಪಾಲಿನ ದಾವೆ 2002ರಲ್ಲಿ ಶುರುವಾಯಿತು. ಸುಪ್ರೀಂ ಕೋರ್ಟಿನ ತೀರ್ಪು ಬಂದದ್ದು 2018ರಲ್ಲಿ. ಇಬ್ಬರು ಹೆಣ್ಣುಮಕ್ಕಳಿಗೆ ಅಪ್ಪನ ಆಸ್ತಿಯಲ್ಲಿ ಐದರಲ್ಲಿ ಒಂದೊಂದು ಪಾಲು ಸಿಕ್ಕಿತು. ಹದಿನಾರು ವರ್ಷ! ಅಲ್ಲೀತನಕ ಸೊಪ್ಪು ಕಾಯುತ್ತಾ?

ಅದಕ್ಕೇ ದಾವೆಯ ಜೊತೆಯಲ್ಲೇ ತಡೆಯಾಜ್ಞೆಗೆ ಅರ್ಜಿ ಹಾಕಬೇಕು. "ದಾವೆ ಮುಗಿಯೋತನಕ ಇವಳ ಬೇಸಾಯಕ್ಕೆ ಅಡ್ಡಿ ಮಾಡಬೇಡ, ಜಮೀನು ಮಾರಬೇಡ" ಅಂತ ಕೋರ್ಟು ಹೇಳಬಹುದು. ಉಳುತ್ತಿದ್ದವಳು ಇವಳೇ ಅನ್ನೋದಕ್ಕೆ ಆಧಾರ ಬೇಕು. ಗೊಬ್ಬರದ ರಸೀದಿ, ಹರಾಜಿನಲ್ಲಿ ಸೊಪ್ಪು ಮಾರಿದ ಚೀಟಿ, ಏನಿದ್ದರೂ ಎತ್ತಿಡಿ. ಒಲೆ ಹಚ್ಚೋಕೆ ಬಳಸಬೇಡಿ!

ಆದೇಶ ಬಂತು. ಭಾವ ಅದಕ್ಕೂ ಬಗ್ಗಲಿಲ್ಲ. ಮತ್ತೆ ಹೊಲಕ್ಕೆ ನುಗ್ಗಿದ. ಆಗ ಅದೇ ಕೋರ್ಟಿಗೆ ಇನ್ನೊಂದು ಅರ್ಜಿ: ಪೊಲೀಸ್ ರಕ್ಷಣೆ ಕೊಡಿಸಿ ಅಂತ. ನ್ಯಾಯಾಧೀಶರಿಗೆ ಸರಿ ಕಂಡರೆ ಠಾಣೆಗೆ ಆದೇಶ ಮಾಡುತ್ತಾರೆ. ಆಮೇಲೆ "ಇದು ಸಿವಿಲ್ಲು" ಅಂತ ವಾಪಸ್ ಕಳಿಸೋ ಹಾಗಿಲ್ಲ. ತಡೆಯಾಜ್ಞೆ ಮುರಿದವನ ಆಸ್ತಿ ಜಫ್ತಿ ಮಾಡಬಹುದು. 3 ತಿಂಗಳವರೆಗೆ ಜೈಲಿಗೂ ಕಳಿಸಬಹುದು.

ಹೊಲವಲ್ಲ, ಇದ್ದ ಮನೆಯಿಂದಲೇ ಹೊರಗೆ ಹಾಕಿದರೆ ದಾರಿ ಬೇರೆ. 2005ರ ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆ ಇದೆ. ಮ್ಯಾಜಿಸ್ಟ್ರೇಟರ ಹತ್ತಿರ ಅರ್ಜಿ ಕೊಡಬೇಕು. ಅವಳು ಆ ಮನೆಯಲ್ಲೇ ಇರಲಿ, ಪೊಲೀಸರು ರಕ್ಷಣೆ ಕೊಡಲಿ ಅಂತ ಅವರು ಆದೇಶ ಮಾಡಬಹುದು. ಗಂಡ ಸತ್ತವಳಿಗೂ ಈ ಹಕ್ಕಿದೆ ಅಂತ ಸುಪ್ರೀಂ ಕೋರ್ಟು 2022ರಲ್ಲಿ ಹೇಳಿದೆ.

"ವಕೀಲರ ಫೀಸಿಗೆ ಎಲ್ಲಿಂದ ತರಲಕ್ಕ?" ಅಂತೀರಿ. ಹೆಂಗಸರಿಗೆ, ಆದಾಯ ಎಷ್ಟೇ ಇರಲಿ, ಸರ್ಕಾರದ ವತಿಯಿಂದ ಉಚಿತ ವಕೀಲರು ಸಿಗುತ್ತಾರೆ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಕೇಳಿ. ಫೋನ್ ನಂಬರು 15100.

ಇನ್ನೊಂದು ಮಾತು. ಆದೇಶದ ನಕಲು ಕೈಗೆ ಬಂದಾಗ ಮಡಚಿ ಟ್ರಂಕಿಗೆ ಹಾಕಬೇಡಿ. ನಿಧಾನವಾಗಿ ಅಕ್ಷರ ಕೂಡಿಸಿ ಓದಿ. ನಿಮ್ಮ ಹೆಸರು, ಊರು, ಸರ್ವೆ ನಂಬರು ಸರಿಯಾಗಿವೆಯಾ? 47 ಇರಬೇಕಾದ ಕಡೆ 74 ಅಂತ ಇದ್ದರೆ ಪೊಲೀಸರು ಯಾರ ಹೊಲ ಕಾಯಬೇಕು? ತಪ್ಪು ಕಂಡರೆ ಅವತ್ತೇ ವಕೀಲರಿಗೆ ತೋರಿಸಿ ತಿದ್ದಿಸಿ. ಸರಿ ಇದ್ದರೆ ಒಂದು ಪ್ರತಿ ಠಾಣೆಗೆ ಕೊಟ್ಟು, ಇನ್ನೊಂದರ ಮೇಲೆ ಸೀಲು ಹಾಕಿಸಿಕೊಂಡು ಬನ್ನಿ.